ಲೈನ್ ಕ್ಲಿಯರ್

ಕಚೇರಿಯಲ್ಲಿ ನನಗೊಂದು ಹೆಸರಿದೆ, ಬೆನ್ನ ಹಿಂದೆ ಕರೆಯುವುದು.
‘ಆ ಫೈಲು ಅನುಕಂಪದ ಹುಡುಗಿ ಹತ್ರ ಐತೆ ನೋಡ್ರಿ.’
ಪರೀಕ್ಷೆ ಪಾಸಾಗಿ ಬಂದವರಿಗೆ ಪರೀಕ್ಷೆಯ ಹೆಸರಿಲ್ಲ.
ಒಂದು ದಿನ ನಿಘಂಟು ತೆಗೆದೆ.
ಕಂಪ ಅಂದರೆ ನಡುಕ.
ಅನುಕಂಪ: ಒಬ್ಬರ ಜೊತೆ ಇನ್ನೊಬ್ಬರು ನಡುಗುವುದು,
ಜೋಗಿಮಟ್ಟಿಯ ಗಾಳಿಗೆ ತಂತಿಗಳು ಮಾಡುವ ಹಾಗೆ.

ಅಪ್ಪ ಗಾದ್ರಪ್ಪ, ಮಾರ್ಗದಾಳು.
ಲೈನ್‌ಮನ್ನಿಗೆ ಸರ್ಕಾರದ ಕನ್ನಡ ಅದು,
ದಾರಿಯ ಆಳು.
ಆ ದಾರಿ ನೆಲದ ಮೇಲಿರಲಿಲ್ಲ.
ಮೆದೇಹಳ್ಳಿ ರಸ್ತೆಯ ಕಂಬವೊಂದರ ತುದಿಯಲ್ಲಿ
ಒಂದು ಮಂಗಳವಾರ, ನಾಲ್ಕು ಹತ್ತಕ್ಕೆ, ಮುಗಿದುಹೋಯಿತು.
ಕೆಳಗಿನ ಅಂಗಡಿಯವನು ಮೆಣಸಿನಕಾಯಿ ಕರಿಯುತ್ತಿದ್ದ.
ಮೊದಲು ಚಪ್ಪಲಿ ಬಿತ್ತು ಅಂತಾನೆ,
ಆಮೇಲಿನದು ಹೇಳಲ್ಲ.

ಆಮೇಲಿನದೆಲ್ಲ ಕಾಗದ.
ಮರಣ ಪತ್ರ, ಪಂಚನಾಮೆ, ವಂಶವೃಕ್ಷ.
ಬದುಕುಳಿದವರ ಪಟ್ಟಿಗೆ ನಾಡಕಚೇರಿಯ ಮುಂದೆ
ಮೂರು ಸಲ ನಿಂತೆವು,
ಬದುಕಿದ್ದೇವೆಂದು ತೋರಿಸಲು.

ಮನೆಗೆ ಒಂದೇ ನೌಕರಿ.
ಎಸ್ಸೆಸ್ಸೆಲ್ಸಿ ಎರಡನೇ ಸಲಕ್ಕೆ ಪಾಸಾದ ಅಣ್ಣ ಓಬಳೇಶ
ಅಪ್ಪನ ಕಟಿಂಗ್ ಪ್ಲೇಯರ್ ಆಗಲೇ ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದ.
ಹನ್ನೊಂದು ದಿನ ಸುಮ್ಮನಿದ್ದ ಅವ್ವ ಬಾಯಿಬಿಟ್ಟಳು:
‘ಕಂಬ ಹತ್ತೋದು ಇವನಿಗೆ ಬ್ಯಾಡ.
ಕುರ್ಚಿ ಮ್ಯಾಲೆ ಕೂರೋದು ಇವಳಿಗೆ ಕೊಡ್ರಿ.’
ಅದು ನನ್ನ ಮೇಲಿನ ಪ್ರೀತಿಯೋ, ಅವನ ಮೇಲಿನದೋ,
ನಾನು ಇವತ್ತಿಗೂ ಕೇಳಿಲ್ಲ.
ಛಾಪಾ ಕಾಗದದ ಮೇಲೆ
‘ನನ್ನ ತಂಗಿಗೆ ನೌಕರಿ ನೀಡಲು ನನ್ನದೇನೂ ಅಭ್ಯಂತರವಿರುವುದಿಲ್ಲ.’
ಅಣ್ಣ ಸಹಿ ಹಾಕಿದ, ಕಾಗದ ಹರಿಯುವಷ್ಟು ಒತ್ತಿ.
ಈಗ ದಾವಣಗೆರೆಯ ಮಂಡಕ್ಕಿ ಭಟ್ಟಿಯಲ್ಲಿ ಚೀಲ ಹೊರುತ್ತಾನೆ.
ಹಬ್ಬಕ್ಕೆ ಬರುತ್ತಾನೆ, ನನ್ನ ಸಂಬಳದ ಅಕ್ಕಿ ಉಣ್ಣುವುದಿಲ್ಲ,
ರೊಟ್ಟಿ ಕಟ್ಟಿಕೊಂಡೇ ಬರುತ್ತಾನೆ.

ನನ್ನನ್ನು ಸ್ಟೇಷನ್ನಿನ ಫೋನಿನ ಮುಂದೆ ಕೂರಿಸಿದರು.
ಕೆಲಸ ಕಲಿಸಿದವರು ಪಂಚಾಕ್ಷರಯ್ಯ.
ಲೈನ್ ಕ್ಲಿಯರ್ ಪುಸ್ತಕ: ಯಾರು ಕೇಳಿದರು, ಯಾವ ಫೀಡರು,
ಯಾವಾಗ ಆಫು, ಯಾವಾಗ ವಾಪಸು, ಸಹಿ.
‘ಅಷ್ಟೇ ಕಣಮ್ಮಾ, ಇದರಾಗೇನೂ ಬ್ರಹ್ಮವಿದ್ಯೆ ಇಲ್ಲ.’
ತಮ್ಮ ಚಿತ್ರಾನ್ನದ ಶೇಂಗಾ ಒಂದೊಂದೇ ಆರಿಸಿ
ನನ್ನ ಡಬ್ಬಿಯ ಮುಚ್ಚಳಕ್ಕೆ ಹಾಕುತ್ತಿದ್ದರು.

ಮೂರನೇ ತಿಂಗಳು ಬೀರು ಒರೆಸುವಾಗ ಹಳೆಯ ಪುಸ್ತಕ ಸಿಕ್ಕಿತು.
ಆ ಮಂಗಳವಾರ. ಫೀಡರು ಆರು.
ಕೇಳಿದವರು, ಗಾದ್ರಪ್ಪ.
ಆಫು, ಮೂರು ನಲವತ್ತು.
ವಾಪಸು, ನಾಲ್ಕು ಎಂಟು.
ವಾಪಸು ಕೊಟ್ಟವರ ಕಾಲಂ ಖಾಲಿ.
ಸಹಿ ಗುಂಡಗಿನ ಅಕ್ಷರದ್ದು,
ಶೇಂಗಾ ಆರಿಸುವಷ್ಟೇ ಜತನದ್ದು.

ಇದ್ದಲ್ಲೇ ಇಟ್ಟೆ. ಯಾರಿಗೆ ಹೇಳಲಿ,
ನಾನಿನ್ನೂ ಪ್ರೊಬೇಷನ್ನಿನಲ್ಲಿದ್ದೇನೆ,
ಅವರಿಗೆ ನಿವೃತ್ತಿಗೆ ಏಳು ತಿಂಗಳು,
ಅಪ್ಪನಿಗೆ ಅವಸರವಿಲ್ಲ.
ಮಧ್ಯಾಹ್ನ ‘ಹಸಿವಿಲ್ಲ ಸಾರ್’ ಅಂದೆ.
ಶೇಂಗಾ ಹಿಡಿದ ಕೈ ಅರ್ಧ ದಾರಿಯಲ್ಲೇ ನಿಂತಿತು.
ಅವರು ಬೀರುವಿನ ಕಡೆ ನೋಡಿದರು.
ಗಾಜಿನ ಮೇಲೆ ಧೂಳಿರಲಿಲ್ಲ.

ಫೋನು ಬರುತ್ತದೆ.
‘ಮೇಡಂ, ಕೆಲಸ ಆಯ್ತು, ಎಲ್‌ಸಿ ವಾಪಸ್ ತಗಳ್ರಿ.’
‘ಜೊತೆಗೆ ಎಷ್ಟು ಜನ?’
‘ಇಬ್ಬರು.’
‘ಇಳಿದಾರಾ?’
‘ಇಳಿದಾರೆ ಮೇಡಂ.’
‘ಅವರ ಕೈಗೆ ಫೋನು ಕೊಡು.’
ನಗುತ್ತಾರೆ, ಗೊಣಗುತ್ತಾರೆ,
ಹಿಟ್ಟಿನ ಗಿರಣಿಯವನು ಇನ್ನೊಂದು ಫೋನಿನಲ್ಲಿ ಬೈಯುತ್ತಾನೆ.
ಒಬ್ಬೊಬ್ಬರ ದನಿ ಕೇಳಿ,
ಕಾಲು ನೆಲದ ಮೇಲಿದೆಯಾ ಅಂತಲೂ ಕೇಳಿ,
ಖಾಲಿ ಬಿಡಬಾರದ ಕಾಲಮ್ಮಿಗೆ ಹೆಸರು ತುಂಬಿ
ಪಂಚಾಕ್ಷರಯ್ಯನವರತ್ತ ತಲೆಯಾಡಿಸುತ್ತೇನೆ.

ಹಿಡಿಕೆಯ ಮೇಲೆ ಅವರ ಕೈ ನಡುಗುತ್ತದೆ.
ನಾನು ಗಡಿಯಾರ ನೋಡಿ
ಹೊತ್ತು ಬರೆದುಕೊಳ್ಳುತ್ತೇನೆ.